ಕ್ಯೋಟೊ ಪಟ್ಟಿಯ ಮೇಲಿನ ಪೆನ್ಸಿಲ್ ಗೆರೆಗಳು

ಯಾರಾದರೂ ದೆವ್ವ, ಮಾಟ ಎಂದು ಶುರು ಮಾಡಿದರೆ ನಡುವೆ ಬಾಯಿ ಹಾಕಿ ನಗಾಡುತ್ತಿದ್ದವನು ನಾನು. ಮಲೇಷ್ಯಾದ ನಿಲಾಯ್ ಊರಿನ ಕಾರ್ಖಾನೆಯೊಂದರಲ್ಲಿ ನನ್ನದು ಪ್ಲಾನಿಂಗ್ ಕೆಲಸ. ಯಾವ ಯಂತ್ರ ಎಷ್ಟು ಹೊತ್ತಿಗೆ ಓಡಬೇಕು, ಎಷ್ಟು ಹೊತ್ತಿಗೆ ನಿಲ್ಲಬೇಕು ಎಂದು ಬರೆದಿಡುವವನಿಗೆ ಅಂಥದ್ದಕ್ಕೆಲ್ಲ ಪುರುಸೊತ್ತಿರುವುದಿಲ್ಲ. ಈಗ ನಾನು ಹೇಳುವುದನ್ನು ಓದಿ ನೀವು ನಕ್ಕರೆ ನನಗೆ ಬೇಜಾರಿಲ್ಲ.

ಮೂರು ವರ್ಷದ ಹಿಂದೆ ಆಫೀಸಿನ ತರಬೇತಿಗೆ ಒಸಾಕಾಗೆ ಹೋಗುವುದಿತ್ತು. ಹೆಂಡತಿ ಲವೀನಾ, ಮಗಳು ರೇನಾ ಇಬ್ಬರನ್ನೂ ಕರೆದುಕೊಂಡು ಹೋಗಿ ಒಂದು ದಿನ ಕ್ಯೋಟೊದಲ್ಲಿ ತಿರುಗಾಡಿ ತಿನ್ನೋಣ ಎಂದುಕೊಂಡೆ. ಲವೀನಾ ಕೂಡಲೇ ಒಪ್ಪಲಿಲ್ಲ. ಅದಕ್ಕೆ ಕಾರಣ, ಅದಕ್ಕೂ ಎರಡು ವರ್ಷ ಮೊದಲಿನ ಪೆನಾಂಗ್ ಪ್ರವಾಸ. ಅಲ್ಲಿ ಒಂದೇ ದಿನ ಏಳು ಕಡೆ ತಿನಿಸಿ, ನಾಲ್ಕು ದೇವಸ್ಥಾನ ತೋರಿಸಿದ್ದೆ. ಐದನೆಯದರ ಮೆಟ್ಟಿಲ ಮೇಲೆ ಕೂತವಳು ಟ್ಯಾಕ್ಸಿ ಬರುವವರೆಗೆ ಎದ್ದಿರಲಿಲ್ಲ. "ಭಾನುವಾರ ಪ್ಲಾನ್ ಓದಿ ಹೇಳಿ. ಬರೋದಾ ಬೇಡವಾ ಅಂತ ಆಮೇಲೆ ನೋಡ್ತೀನಿ," ಎಂದಳು.

ಇಂಗ್ಲಿಷಿನಲ್ಲಿ ಬರೆದರೆ ಅಮ್ಮ ಮಗಳು ಸೇರಿ ಅರ್ಧ ಹೊಡೆದುಹಾಕುತ್ತಾರೆಂಬ ಅನುಭವ ನನಗಿತ್ತು. ಅದಕ್ಕೇ ಈ ಸಲ ಕನ್ನಡದಲ್ಲಿ ಬರೆದೆ. ಮನೆಯಲ್ಲಿ ಮಾತೆಲ್ಲ ಕೊಂಕಣಿ. ಲವೀನಾ ಮುಂಬೈಯಲ್ಲಿ ಬೆಳೆದವಳು, ಕನ್ನಡ ಆಡುತ್ತಾಳೆ, ಅಕ್ಷರ ಬಾರದು. ರೇನಾಳದ್ದು ಕೇಳಿದ್ದಕ್ಕೆಲ್ಲ ಇಂಗ್ಲಿಷಿನಲ್ಲೇ ಉತ್ತರ. ಬೆಳಿಗ್ಗೆ ಆರೂವರೆಯ ಬಿದಿರು ಕಾಡಿನಿಂದ ರಾತ್ರಿಯ ನೂಡಲ್ಸ್‌ವರೆಗೆ ಹತ್ತೊಂಬತ್ತು ಸಾಲು ಬರೆದು ಫ್ರಿಜ್ ಮೇಲೆ ಅಂಟಿಸಿ ನಿಶ್ಚಿಂತೆಯಿಂದಿದ್ದೆ.

ಗುರುವಾರ ಬೆಳಿಗ್ಗೆ ಹಾಲು ತೆಗೆಯಲು ಹೋದಾಗ ಪಟ್ಟಿಯಲ್ಲಿದ್ದ ಎರಡು ದೇವಾಲಯಗಳ ಹೆಸರಿನ ಮೇಲೆ ಪೆನ್ಸಿಲಿನಿಂದ ಗೆರೆ ಎಳೆದಿತ್ತು. ನಮ್ಮ ಮನೆಯಲ್ಲಿ ಪೆನ್ಸಿಲೇ ಇಲ್ಲ, ರೇನಾ ಬರೆಯುವುದೆಲ್ಲ ಟ್ಯಾಬ್‌ನಲ್ಲಿ. ಅವಳನ್ನೇ ಹಿಡಿದು ಕೇಳಿದೆ. "ಪಪ್ಪಾ, ಐ ಕಾಂಟ್ ಈವನ್ ರೀಡ್ ಇಟ್ ಲಾ," ಎಂದು ಇಲ್ಲಿಯವರ ಹಾಗೆ 'ಲಾ' ಎಳೆದು ಬ್ಯಾಗು ಹೆಗಲಿಗೇರಿಸಿ ನಡೆದಳು. ಲವೀನಾ ಕಾಗದದತ್ತ ತಿರುಗಿಯೂ ನೋಡಲಿಲ್ಲ.

ಶುಕ್ರವಾರ ಪಟ್ಟಿಯನ್ನು ಕಿತ್ತು ಚೀಲದಲ್ಲಿಟ್ಟು ಕಾರ್ಖಾನೆಗೇ ಒಯ್ದೆ. ಚೀಲ ನನ್ನ ಕಾಲ ಬುಡದಲ್ಲೇ ಇತ್ತು. ಮಧ್ಯಾಹ್ನ ತೆಗೆದು ನೋಡಿದರೆ ತಿನ್ನುವ ಆರು ಜಾಗಗಳಲ್ಲಿ ನಾಲ್ಕರ ಮೇಲೆ ಗೆರೆ. ನಾನು ಬರೆದಿದ್ದ, ಚಹಾ ಮಾಡುವುದು ಕಲಿಸುವ ತರಗತಿಯೂ ಹೋಗಿತ್ತು. ಅದರ ಪಕ್ಕದಲ್ಲಿ ದುಂಡಗಿನ ಕನ್ನಡ ಅಕ್ಷರದಲ್ಲಿ ಹೀಗೆ ಬರೆದಿತ್ತು: "ಊಟದ ಮೇಲೆ ನದಿ ಹತ್ತಿರ ಸುಮ್ಮನೆ ಕೂರುವುದು. ಅವಳಿಗೆ ಹಿಮ್ಮಡಿ ನೋವು." ನನ್ನ ಅಕ್ಷರವೋ ಕಾಗೆ ಕಾಲು. ಪಕ್ಕದ ಮೇಜಿನ ತಮಿಳು ಗೆಳೆಯನಿಗೆ ತೋರಿಸಿದೆ. ಅವನು ಚೆನ್ನಾಗಿ ಪರೀಕ್ಷಿಸಿ ಇದು ತೆಲುಗು ಎಂದು ತೀರ್ಪು ಕೊಟ್ಟ. ನಾನು ನಿಜವಾಗಿಯೂ ಹೆದರಿದೆ.

ಇನ್ನೊಂದು ಪಟ್ಟಿ ಬರೆಯಬಹುದಿತ್ತು. ಧೈರ್ಯ ಬರಲಿಲ್ಲ. ಭಾನುವಾರ ಚರ್ಚಿನಲ್ಲಿ ಪೂಜೆ ಮುಗಿಸಿ ಬಂದು, ದಾರಿಯಲ್ಲಿ ತಪಾವ್ ಮಾಡಿಸಿ, ಅಂದರೆ ಕಟ್ಟಿಸಿಕೊಂಡು ತಂದ ರೊಟ್ಟಿಯ ಪೊಟ್ಟಣ ಬಿಚ್ಚುವ ಮೊದಲು, ಗೆರೆ ಬಿದ್ದದ್ದನ್ನು ಬಿಟ್ಟು ಉಳಿದದ್ದನ್ನು ಓದಿದೆ. ಹಿಮ್ಮಡಿಯ ಸಾಲು ಬಂದಾಗ ತಟ್ಟೆ ಇಡುತ್ತಿದ್ದ ಲವೀನಾ ನನ್ನತ್ತ ತಿರುಗಿದಳು.

"ಇದು ನಿಮಗೆ ಯಾರು ಹೇಳಿದ್ದು? ನಾನು ಯಾರಿಗೂ ಹೇಳಿಲ್ಲ."

ಆಗ ನಿಜ ಹೇಳಬೇಕಿತ್ತು. ನಾನು ಗಂಟಲು ಸರಿಮಾಡಿಕೊಂಡು, ಗಂಡನಿಗೆ ಅಷ್ಟೂ ಗೊತ್ತಾಗುವುದಿಲ್ಲವೇ ಎಂದುಬಿಟ್ಟೆ. ಪೆನಾಂಗಿನಿಂದಲೂ ನೋಯುತ್ತಿದೆ ಎಂದು ಅವಳು ಮೆಲ್ಲಗೆ ಹೇಳಿದಳು. ಆಮೇಲೆ ದೊಡ್ಡ ರೊಟ್ಟಿಯನ್ನು ನನ್ನ ತಟ್ಟೆಗೆ ಹಾಕಿ, ಎಷ್ಟನೇ ತಾರೀಕಿಗೆ ಹೊರಡುವುದು ಎಂದು ಕೇಳಿದಳು.

ಕ್ಯೋಟೊದಲ್ಲಿ ನದಿ ದಂಡೆಯ ಮೇಲೆ ಒಂದೂವರೆ ಗಂಟೆ ಕೂತೆವು. ರೇನಾ ಮೂರು ಮೋಚಿ ತಂದಳು, ಅಕ್ಕಿ ಹಿಟ್ಟಿನ ಮೆತ್ತನೆಯ ಉಂಡೆ. ಲವೀನಾ ಚಪ್ಪಲಿ ಕಳಚಿ ಕಾಲು ಚಾಚಿ, ನೀವು ಇದನ್ನೆಲ್ಲ ಗಮನಿಸುತ್ತೀರಿ ಎಂದು ನನಗೆ ಗೊತ್ತೇ ಇರಲಿಲ್ಲ ಎಂದಳು. ನನ್ನ ಪಾಲಿನ ಮೋಚಿಯನ್ನೂ ಅವಳ ಕೈಗಿಟ್ಟೆ.

ಆ ಪೆನ್ಸಿಲ್ ಯಾರದೆಂದು ಇವತ್ತಿಗೂ ನನಗೆ ತಿಳಿದಿಲ್ಲ. ಅವಳು ಎರಡು ವರ್ಷ ಆ ಕಾಲಿನಲ್ಲೇ ಮನೆ ತುಂಬ ಓಡಾಡಿದ್ದನ್ನು ಯಾರೋ ನೋಡಿದ್ದಾರೆ. ನೋಡಿದವನು ನಾನಲ್ಲ.