ಕೆಳಗಿನ ಮನೆಯ ಮೂಕಿ ಸಿನೆಮಾ

ಕೆಳಗಿನ ಮನೆಯ ಅಜ್ಜನಿಗೆ ಹುಬ್ಬು ಎಂದರೆ ಹುಬ್ಬು, ಬಿಳಿ ಹತ್ತಿ ಮೆತ್ತಿದ ಹಾಗೆ. ಖುಷಿಯಾದರೆ ಎಡಗಡೆಯದೊಂದೇ ಮೇಲೇರುತ್ತಿತ್ತು. ಐರ್ಲೆಂಡಿನವರು, ಜರ್ಮನಿಯ ರೇಗನ್ಸ್‌ಬರ್ಗಿಗೆ ಬಂದು ನೆಲೆಸಿ ನಲವತ್ತು ವರ್ಷವಂತೆ. ಅವರ ನಾಡಿನ ನಾಟಕಗಳನ್ನು ಹಿಂದೆ ಮೂಕಿ ಸಿನೆಮಾ ಮಾಡಿದ್ದರಲ್ಲ, ಅವುಗಳ ರೀಲು ಕೂಡಿಸುವುದೇ ಅವರ ಜೀವನ. ನಾಟಕದ ಪುಸ್ತಕವನ್ನು ತೊಡೆಯ ಮೇಲಿಟ್ಟುಕೊಂಡು ಸಿನೆಮಾ ನೋಡುತ್ತಾ, ಬಿಟ್ಟುಹೋದ ಮಾತಿಗೆಲ್ಲ ಪೆನ್ಸಿಲಿನಿಂದ ಗೆರೆ ಎಳೆಯುತ್ತಿದ್ದರು.

ನಾನು ಮೂರನೇ ಇಯತ್ತೆ ಕಲಿತವಳು. ಮೂರು ತಿಂಗಳ ಮಟ್ಟಿಗೆ, ಅವರ ಮೇಲಿನ ಮಹಡಿಯಲ್ಲಿದ್ದ ಮಗಳ ಮನೆಗೆ ಹೋಗಿದ್ದೆ. ಏಳು ವರ್ಷದ ಮೊಮ್ಮಗಳಿಗೆ ನನ್ನ ಮಾತು ತಿಳಿಯುತ್ತಿತ್ತು, ಉತ್ತರ ಮಾತ್ರ ಜರ್ಮನ್‌ನಲ್ಲಿ. ಎರಡು ತಿಂಗಳು ಹಾಗೇ ಹೋದವು. ಕೂಸಿನ ಬಾಯಿಂದ ಒಂದು ಕನ್ನಡ ಮಾತು ಕೇಳದೇ ವಿಮಾನ ಹತ್ತುತ್ತೇನಲ್ಲ ಎಂಬ ಸಂಕಟ ನನಗೆ.

ಒಂದು ಶನಿವಾರ ಮಧ್ಯಾಹ್ನ ಅಜ್ಜ ನಮ್ಮನ್ನು ಕರೆದು ಗೋಡೆಯ ಮೇಲೆ ಸಿನೆಮಾ ಹಾಕಿದರು. ಜಮೀನುದಾರನ ಆಳುಗಳು ಒಬ್ಬ ರೈತನನ್ನು ಹಿಡಿಯಲು ಬರುತ್ತಾರೆ. ಹೆಂಡತಿ ಅವನನ್ನು ಹಿಟ್ಟಿನ ಪೆಟ್ಟಿಗೆಯಲ್ಲಿ ಅಡಗಿಸಿ, ಅದರ ಮೇಲೆ ಕುಳಿತು ಆಲೂಗಡ್ಡೆ ಸುಲಿಯುತ್ತಾಳೆ. ಅಜ್ಜ ಹೇಳಿದ್ದನ್ನು ಮಗಳು ತಿಳಿಸಿದಳು: “ನಾಟಕದಾಗ ಆಕಿಗೆ ಎರಡು ಪುಟ ಮಾತು ಇತ್ತಂತವ್ವಾ. ಸಿನೆಮಾದವರು ಎಲ್ಲಾ ತಗದು ಬರೇ ಕುಂದರಿಸ್ಯಾರಂತ.”

ಆಕೆ ಕುಳಿತ ಠೀವಿಗೆ ನಾನು ಮೈಮರೆತೆ. ನಮ್ಮ ಕಡೆ ಕಂಪನಿ ನಾಟಕದಲ್ಲಿ ಕೂಗುವ ಹಾಗೆ “ವನ್ಸ್ ಮೋರ್” ಎಂದುಬಿಟ್ಟೆ. ಮಗಳು ನಾಚಿ, “ಅವ್ವಾ, ಸಿನೆಮಾಕ್ಕ ಯಾರರೆ ವನ್ಸ್ ಮೋರ್ ಅಂತಾರೇನ?” ಎಂದಳು. ಅಜ್ಜನ ಹುಬ್ಬು ಏರಿತು. ರೀಲು ಹಿಂದಕ್ಕೆ ಸುತ್ತಿ, ಆಕೆಯ ಮಾತು ಈ ಸಲ ನೀವೇ ಆಡಿ ಎಂದು ನನಗೆ ಕೈಸನ್ನೆ ಮಾಡಿದರು.

ಆಡಿದೆ. “ನನ್ನ ಗಂಡ ಸಂತಿಗೆ ಹೋಗ್ಯಾನ್ರಿ. ಬೇಕಾದ್ರ ಹುಡುಕ್ರಿ, ಬ್ಯಾಡ ಅಂದವರ್ಯಾರು?”

ಗೋಡೆಯ ಮೇಲೆ ಆಳು ಬಾಯಿ ತೆರೆದ. ಅವನಿಗೆ ಮಾತು ಕೊಡುವವರಿಲ್ಲ. ಅಜ್ಜ ಮೊಮ್ಮಗಳ ಕಡೆ ನೋಡಿದರು. ಕೂಸು ಎದ್ದು ಸೊಂಟದ ಮೇಲೆ ಕೈ ಇಟ್ಟು, “ಏ, ನೀ ಏಳು. ಪೆಟ್ಟಿಗ್ಯಾಗ ಏನೈತಿ?” ಎಂದು ನನ್ನನ್ನೇ ಗದರಿಸಿತು.

ಆ ಸಂತೋಷವನ್ನು ಹೇಗೆ ಬರೆಯಲಿ! ಅಜ್ಜ ಮತ್ತೆ ನಾಲ್ಕು ಸಲ ರೀಲು ಸುತ್ತಿದರು. ಹಳೆಯದು, ಹರಿದೀತು ಎಂದು ಮಗಳು ತಡೆದರೂ ಕೇಳಲಿಲ್ಲ. ಇಷ್ಟು ವರ್ಷ ಹೋದ ಮಾತುಗಳನ್ನಷ್ಟೇ ಗುರುತು ಹಾಕಿದೆ, ಬಂದ ಮಾತು ಕೇಳಿದ್ದು ಇವತ್ತೇ ಎಂದರಂತೆ.

ನಾನು ಊರಿಗೆ ಮರಳಿದ ಮೇಲೆ, ಈ ಚಳಿಗಾಲದಲ್ಲಿ ಅವರು ತೀರಿಕೊಂಡರು. ಸುದ್ದಿ ತಿಳಿಸಲು ಮಗಳು ಫೋನು ಮಾಡಿದಳು. ಫೋನು ಕಸಿದುಕೊಂಡು ಮೊಮ್ಮಗಳೇ ಹೇಳಿದಳು: “ಆಯೀ, ಕೆಳಗಿನ ಅಜ್ಜ ಹೋದ್ರು. ನಾ ಹೂವು ಇಟ್ಟು ಬಂದೆ. ನೀ ಅಳಬ್ಯಾಡ.”

ನಾನು ಅತ್ತುಬಿಟ್ಟೆ. ತಾವು ಹೋದ ಸುದ್ದಿಯನ್ನೂ ನನ್ನ ಕೂಸಿನ ಬಾಯಿಂದ, ನನ್ನ ಮಾತಿನಲ್ಲೇ ಕೇಳುವಂತೆ ಮಾಡಿ ಹೋದವರು ಅವರು.