ಬಾಯಿಗೆ ಬಂದದ್ದು, ಬಾಳಿಗೆ ಬಂದದ್ದು

ನಾರಾಯಣಪೇಟೆಯಲ್ಲಿ ನಮ್ಮ ಪಕ್ಕದ ಮನೆಯ ಅಜ್ಜಿ ಸೀರೆ ನೇಯುತ್ತಿದ್ದರು. ಓದು ಬಾರದು, ಆದರೂ ಮಗ್ಗದ ಮುಂದೆ ಕುಳಿತರೆ ಶರಣರ ವಚನಗಳು ಒಂದರ ಹಿಂದೊಂದು ಬರುತ್ತಿದ್ದವು. ಯಾರಾದರೂ ಹೊಗಳಿದರೆ ಲಾಳಿ ನಿಲ್ಲಿಸದೆಯೇ, "ಬಾಯಿಗೆ ಬಂದ್ರ ಏನಾತು, ಬಾಳಿಗೆ ಬರಬೇಕಲ್ಲ" ಎನ್ನುತ್ತಿದ್ದರು.

ಅವರ ಒಬ್ಬನೇ ಮಗ ತೀರಿಕೊಂಡ ಮೂರನೇ ವರ್ಷ, ಮಕ್ತಲದ ಮಾಸ್ತರೊಬ್ಬರು ಸೊಸೆಯನ್ನು ಮದುವೆಯಾಗುವುದಾಗಿ ಹೇಳಿ ಕಳಿಸಿದರು. ಸೊಸೆಗೂ ಮನಸ್ಸಿತ್ತು, ಬಾಯಿಬಿಡಲು ಹೆದರಿಕೆ. ಸುದ್ದಿ ತಿಳಿದು ಗದ್ವಾಲದಿಂದ ಬಂದ ಅಜ್ಜಿಯ ಮೈದುನ ಸಿಟ್ಟಾಗಿ ಕೇಳಿದರು:

"ಮಂದಿಗೆ ಮುಖ ಹೆಂಗ ತೋರಸೋದು, ಅತ್ತಿಗೆಮ್ಮ?"

"ಹೆಣ್ಣಿನ ಜೀವಾನೂ ಗಂಡಿನ ಜೀವಾನೂ ಒಂದೇ ಅಂತ ದಿನಾ ಹಾಡ್ತೀನಿ. ನನ್ನ ಮನ್ಯಾಗ ಮಾತ್ರ ಅದು ಸುಳ್ಳೇನು?"

ಮೈದುನ ನೀರೂ ಕುಡಿಯದೆ ಎದ್ದುಹೋದರು. ಆಮೇಲೆ ಅಜ್ಜಿ ಮಗನ ಫೋಟೋದ ಮುಂದೆ ಕುಳಿತು ಬಹಳ ಹೊತ್ತು ಅತ್ತರು. ಮರುದಿನ ಬೆಳಿಗ್ಗೆ ಸೊಸೆಯ ಮದುವೆ ಸೀರೆಗೆಂದು ಮಗ್ಗಕ್ಕೆ ಕೆಂಪು ರೇಷ್ಮೆ ಏರಿಸಿದರು.

ಮದುವೆಗೆ ಹುಡುಗಿಯ ತವರಿನವರು ಬರಲಿಲ್ಲ. ಅವಳ ಕೈಯನ್ನು ಮಾಸ್ತರ ಕೈಗಿಟ್ಟವರು ಅಜ್ಜಿಯೇ.

"ಇಕಿ ನನ್ನ ಮಗಳ್ರೀ. ಪಂಚಮಿಗೆ ತವರಿಗೆ ಕಳಸ್ರಿ" ಎಂದರು.