ಬೀದಿಗಿಳಿದ ಶೋಕರಾಗ

ಕಡಲ ದಂಡೆಯ ರೆಸೀಫಿ ಪಟ್ಟಣದ ಸಾಂತು ಅಮಾರು ಕೇರಿಯಲ್ಲಿ ಅನ್ಸೆಲ್ಮು ಕಿಂಟೇಲಾನನ್ನು ಎಲ್ಲರೂ ಮೇಷ್ಟ್ರು ಎನ್ನುತ್ತಿದ್ದರು. ಬೀದಿ ಕುಣಿತದ ಕಾರ್ನಿವಲ್ ಹಬ್ಬ ಬಂತೆಂದರೆ ಕೇರಿಯ ವಾದ್ಯದವರ ಮುಂದೆ ಟ್ರೊಂಬೋನ್ ಎಂಬ ಉದ್ದನೆಯ ಹಿತ್ತಾಳೆ ವಾದ್ಯ ಹಿಡಿದು ನಡೆಯುವವನು ಅವನೇ. ಉಳಿದ ದಿನ ಜಜ್ಜಿಹೋದ ತುತ್ತೂರಿಗಳ ನೆಗ್ಗು ತೆಗೆದು ಹೊಟ್ಟೆ ಹೊರೆಯುತ್ತಿದ್ದ. ನಲವತ್ತು ದಾಟಿದ ಮೇಲೆ ಅವನನ್ನು ಸಿನಿಮಾಕ್ಕೆ ಎಳೆದು ತಂದವಳು ಇರಸೀ.

ಇರಸೀ ಅದೇ ಊರಿನ ಹುಡುಗಿ. ದೋಣಿ ಮುಳುಗಿ ಗಂಡನನ್ನು ಕಳೆದುಕೊಂಡ ಹೆಂಗಸೊಬ್ಬಳ ಕಥೆಯನ್ನು ಚಿತ್ರ ಮಾಡಿದ್ದಳು. ಅದಕ್ಕೆ ಸಂಗೀತ ಕಟ್ಟಲು ಕೂತ ಅನ್ಸೆಲ್ಮು, ವಿದೇಶಿ ಚಿತ್ರಗಳಲ್ಲಿ ಕೇಳಿದ್ದ ಹಾಗೆ ಪಿಟೀಲಿನ ಹೊಳೆಯನ್ನೇ ಹರಿಸಿದ. ಕೇಳಿದ ಇರಸೀ ತಲೆ ತಗ್ಗಿಸಿದಳು.

"ಚೆನ್ನಾಗೇನೋ ಇದೆ ಮೇಷ್ಟ್ರೇ. ಆದ್ರೆ ಬೇರೆ ಯಾರೋ ಅಳೋ ಹಾಗಿದೆ. ನಮ್ಮೋರು ಹೀಗೆ ಅಳ್ತಾರಾ?"

ಮನೆಗೆ ಬಂದವನು ಆ ಮಾತು ಹೇಳಿ ಉರಿದುಬಿದ್ದ. ಒಲೆಯ ಮುಂದೆ ತಾಪಿಯೋಕಾ ರೊಟ್ಟಿ ಮಗುಚುತ್ತಿದ್ದ ಹೆಂಡತಿ ಜುಲ್ಮೀರಾ ಬಿದ್ದು ಬಿದ್ದು ನಕ್ಕಳು.

"ಅಲ್ಲಾ, ನಿಮ್ಮಮ್ಮ ಸತ್ತಾಗ ಪಿಟೀಲು ಯಾರು ಬಾರಿಸಿದ್ರು? ನೀನು ಮೂಲೇಲಿ ಕೂತು ಏನೋ ಗುನುಗ್ತಾ ತುತ್ತೂರಿ ತಿಕ್ಕಿದ್ದೇ ತಿಕ್ಕಿದ್ದು. ಅದರಲ್ಲಿ ಮುಖ ನೋಡ್ಕೊಂಡು ತಲೆ ಬಾಚ್ಕೋಬಹುದಿತ್ತು!"

ಅನ್ಸೆಲ್ಮು ಟ್ರೊಂಬೋನ್ ತೆಗೆದುಕೊಂಡು ಮೂಲೆಯಲ್ಲಿ ಕೂತ. ಅವತ್ತು ಗುನುಗಿದ್ದು ನಾಲಿಗೆಗೆ ಬರಲು ತುಂಬ ಹೊತ್ತು ಬೇಕಾಯಿತು. ಬಂದದ್ದನ್ನು ಬಂದ ಹಾಗೇ ಒಂಟಿ ಟ್ರೊಂಬೋನಿನಲ್ಲಿ ನುಡಿಸಿದ. ಊರಲ್ಲಿ ಚಿತ್ರ ತೋರಿಸಿದ ದಿನ, ಅದು ಮುಗಿದರೂ ನೋಡಲು ಬಂದಿದ್ದ ಬೆಸ್ತರ ಹೆಂಗಸರು ಕುರ್ಚಿ ಬಿಟ್ಟು ಏಳಲಿಲ್ಲ.

ಆಮೇಲೆ ಕೈತುಂಬ ಚಿತ್ರಗಳು ಬಂದವು. ರಿಯೋ ನಗರದ ಸಿನಿಮಾದವರು ಕರೆಸಿಕೊಂಡರು. ಅಲ್ಲಿ ಒಂದು ವರ್ಷವೂ ನಿಲ್ಲಲಿಲ್ಲ. "ಅಲ್ಲೆಲ್ಲ ಸಾಂಬಾ ಕುಣಿತ ಕಣೇ, ಅದಕ್ಕೆ ನನ್ನ ಕಾಲು ಒಪ್ಪಲ್ಲ" ಎಂದು ಹೆಂಡತಿಗೆ ಹೇಳಿ ಪೆಟ್ಟಿಗೆ ಇಳಿಸಿದ. ಊರಿನಿಂದಲೇ ಹತ್ತಾರು ಚಿತ್ರಗಳಿಗೆ ಸಂಗೀತ ಬರೆದ. ಮುಂದೆ ದೇಶದಲ್ಲಿ ಸಿನಿಮಾ ತೆಗೆಯುವವರೇ ಕಡಿಮೆಯಾದರು. ಇರಸೀ ಟೀವಿಯ ಕೆಲಸ ಹಿಡಿದಳು. ಅನ್ಸೆಲ್ಮು ಮತ್ತೆ ನೆಗ್ಗು ತೆಗೆಯಲು ಕೂತ. ಮೊದಮೊದಲು ಫೋನು ಸದ್ದಾದಾಗಲೆಲ್ಲ ಸುತ್ತಿಗೆ ಕೆಳಗಿಡುತ್ತಿದ್ದ. ಬರಬರುತ್ತ ಅದನ್ನೂ ಬಿಟ್ಟ.

ವಯಸ್ಸು ಅರವತ್ತೈದು ಕಳೆದ ಮೇಲೆ ಒಂದು ಕಾರ್ನಿವಲ್‌ನ ಮಧ್ಯಾಹ್ನ, ಜನ ತಳ್ಳಾಡುತ್ತಿದ್ದ ಬೀದಿಯಲ್ಲಿ, ಕೇರಿಯ ವಾದ್ಯದವರು ಆ ಮೊದಲ ಚಿತ್ರದ ಶೋಕರಾಗವನ್ನೇ ಫ್ರೆವೋ ಕುಣಿತದ ಓಟಕ್ಕೆ ಏರಿಸಿ ಊದುತ್ತ ಬಂದರು. ಈಗ ಮೆರವಣಿಗೆ ಬಿಟ್ಟು ಜುಲ್ಮೀರಾ ಜೊತೆ ಬದಿಯಲ್ಲಿ ನೋಡುತ್ತಿದ್ದ ಅನ್ಸೆಲ್ಮು ಬೀದಿಗೆ ಅಡ್ಡ ಬಂದು ನಿಂತ.

"ನಿಲ್ಲಿಸ್ರೋ! ಅದು ನಮ್ಮಮ್ಮ ಸತ್ತಾಗ ನಾನು ಅತ್ತಿದ್ದು!"

ವಾದ್ಯಗಳು ನಿಂತವು. ತುತ್ತೂರಿ ಊದುವ ಜೆನಿವಾಲ್ದು ಬೆವರು ಒರೆಸಿಕೊಳ್ಳುತ್ತ ಕೇಳಿದ: "ನಿಮ್ಮಮ್ಮ ಕಾರ್ನಿವಲ್‌ಗೆ ಬರ್ತಿರಲಿಲ್ವಾ ಮೇಷ್ಟ್ರೇ?"

"ಬರ್ದೆ ಏನು! ನನ್ನನ್ನ ಪಕ್ಕದ ಮನೇಲಿ ಬಿಟ್ಟು ಕುಣಿಯೋಕೆ ಬರ್ತಿದ್ಲು," ಎಂದ ಅನ್ಸೆಲ್ಮು. ಜುಲ್ಮೀರಾ, ಇನ್ನೇನು ಹೋಗು ಎನ್ನುವಂತೆ, ಅವನ ಬೆನ್ನಿಗೆ ಒಂದು ಗುದ್ದು ಗುದ್ದಿದಳು. ಅನ್ಸೆಲ್ಮು ಪಕ್ಕದವನ ಟ್ರೊಂಬೋನ್ ಕಿತ್ತುಕೊಂಡ.

"ಎರಡನೇ ಸಾಲು ತಪ್ಪು ಊದ್ತಿದೀರಿ. ಕೇಳಿ."

ಅವನು ಊದತೊಡಗಿದ, ಅವರದೇ ಓಟದಲ್ಲಿ. ಮುಂದಿನ ತಿರುವಿಗೆ ಉಸಿರು ಸಾಲದೆ ಯಾರದೋ ಮನೆಯ ಮೆಟ್ಟಿಲ ಮೇಲೆ ಕೂತ. ವಾದ್ಯದವರು ಸೇತುವೆ ದಾಟುವವರೆಗೂ ಅವನ ಬೆರಳು ಮಂಡಿಯ ಮೇಲೆ ತಾಳ ಹಾಕುತ್ತಿತ್ತು.